ಪದಚರ್ಚೆ: ಚೀನಾದ ವಿಷಯ ಬರೆಯುವಾಗ ‘ನಾಗರಿಕ ಸಮಾಜ’ ಹೊಂದುತ್ತದೆಯೇ?

ಬಳಗದ ಎಲ್ಲರಿಗೂ ನಮಸ್ಕಾರ.

ಒಂದು ಪದದ ಹಿಂದೆ ಬಿದ್ದು ಎರಡು ವಾರ ಆಯಿತು. ಒಬ್ಬಳೇ ಯೋಚಿಸಿ ಯೋಚಿಸಿ ಸಾಕಾಗಿದೆ. ಹಾಗಾಗಿ ನಿಮ್ಮ ಮುಂದೆ ಇಡುತ್ತಿದ್ದೇನೆ. ಪತ್ರ ಸ್ವಲ್ಪ ಉದ್ದವಾಗಿದೆ, ಬಿಡುವು ಮಾಡಿಕೊಂಡು ಓದಿ.

ಒಂದು ಮಾಸಪತ್ರಿಕೆಗೆ ಚೀನಾದ ಬಗ್ಗೆ ಲೇಖನ ಬರೆಯುತ್ತಿದ್ದೇನೆ. ಅಲ್ಲಿ ಜನ ತಾವಾಗಿಯೇ ಕಟ್ಟಿಕೊಂಡ ಸಂಘಗಳು, ಗುಂಪುಗಳು ಹೇಗೆ ಬದುಕುತ್ತವೆ, ಸರ್ಕಾರ ಅವನ್ನು ಹೇಗೆ ನೋಡಿಕೊಳ್ಳುತ್ತದೆ ಅನ್ನೋದು ವಿಷಯ. ಇಂಗ್ಲಿಷಿನ ‘ಸಿವಿಲ್ ಸೊಸೈಟಿ’ಗೆ ಎಲ್ಲರ ಹಾಗೆ ನಾನೂ ‘ನಾಗರಿಕ ಸಮಾಜ’ ಅಂತ ಹಾಕಿದ್ದೆ. ಮೊದಲ ಪುಟದಲ್ಲೇ ಹೀಗೊಂದು ಸಾಲು ಇತ್ತು: ‘ಚೀನಾದಲ್ಲಿ ನಾಗರಿಕ ಸಮಾಜ ಇದೆಯೇ ಎಂಬ ಬಗ್ಗೆ ವಿದ್ವಾಂಸರಲ್ಲಿ ಒಮ್ಮತವಿಲ್ಲ.’

ಕರಡನ್ನು ನಮ್ಮ ಬೀದಿಯ ಮೇಷ್ಟ್ರಿಗೆ ಓದಲು ಕೊಟ್ಟೆ. ನಿವೃತ್ತರಾಗಿ ಇಪ್ಪತ್ತು ವರ್ಷ ಆಗಿದೆ. ಈಗಲೂ ಜೇಬಿನಲ್ಲಿ ಕೆಂಪು ಪೆನ್ಸಿಲ್ ಇರುತ್ತದೆ. ಮರುದಿನ ಹಾಳೆ ವಾಪಸ್ ಬಂತು. ಆ ಸಾಲಿನ ಕೆಳಗೆ ಎರಡು ಗೆರೆ, ಪಕ್ಕದಲ್ಲಿ ಅವರ ದುಂಡು ಅಕ್ಷರ: ‘ತಪ್ಪಮ್ಮಾ. ಕಾಗದ, ರೇಷ್ಮೆ, ಚಹಾ ಕೊಟ್ಟ ಜನ. ಅವರು ನಾಗರಿಕರು ಹೌದೋ ಅಲ್ಲವೋ ಅಂತ ಕೇಳೋದು ಸರಿಯಾ?’

ಓದಿ ಒಂದು ಕ್ಷಣ ಏನೂ ತೋಚಲಿಲ್ಲ. ಆಮೇಲೆ ಹೊಳೆಯಿತು. ಮೇಷ್ಟ್ರು ಓದಿದ್ದು ಸರಿಯಾಗಿಯೇ ಇದೆ. ಕನ್ನಡದಲ್ಲಿ ‘ನಾಗರಿಕ ಸಮಾಜ’ ಅಂದರೆ ಮೊದಲು ಕಿವಿಗೆ ಬೀಳುವುದು ಅದೇ ಅರ್ಥ. ದಿನಪತ್ರಿಕೆ ತೆಗೆದು ನೋಡಿ. ‘ನಾಗರಿಕ ಸಮಾಜ ತಲೆತಗ್ಗಿಸುವ ಘಟನೆ’ ಅನ್ನೋ ಸಾಲು ವಾರಕ್ಕೊಮ್ಮೆ ಸಿಗುತ್ತದೆ. ಅಲ್ಲಿ ತಲೆ ತಗ್ಗಿಸುವುದು ಸಂಘ-ಸಂಸ್ಥೆಗಳಲ್ಲ. ಮಾನ, ಮರ್ಯಾದೆ, ಸಂಸ್ಕಾರ ಇರುವ ಜನ. ‘ನಾಗರಿಕತೆ’ ಅಂದರೂ ಸಿಂಧೂ ಬಯಲು, ನೈಲ್ ನದಿ ನೆನಪಾಗುತ್ತವೆ. ಹಾಗಿರುವಾಗ ‘ಚೀನಾದಲ್ಲಿ ನಾಗರಿಕ ಸಮಾಜ ದುರ್ಬಲವಾಗಿದೆ’ ಅಂತ ಬರೆದರೆ ಒಂದು ದೇಶದ ಜನರನ್ನೇ ಬೈದ ಹಾಗಾಗುತ್ತದೆ. ನಾನು ಹೇಳಲು ಹೊರಟಿದ್ದು ಅದಕ್ಕೆ ಉಲ್ಟಾ. ಅಲ್ಲಿನ ಜನರ ಒಗ್ಗಟ್ಟು, ಉತ್ಸಾಹ ಕಂಡು ಗೌರವ ಬಂದೇ ಈ ಲೇಖನಕ್ಕೆ ಕೈ ಹಾಕಿದ್ದು.

ಇನ್ನೊಂದು ತೊಡಕು ‘ಸಮಾಜ’ ಅನ್ನೋ ಪದದಲ್ಲೇ ಇದೆ. ‘ನಮ್ಮ ಸಮಾಜದವರು’, ‘ಸಮಾಜ ಬಾಂಧವರು’ ಅಂದರೆ ನಮ್ಮಲ್ಲಿ ಜಾತಿ ಅಂತಲೇ ಅರ್ಥ. ಮದುವೆ ಛತ್ರದ ಮೇಲಿನ ಬೋರ್ಡು ನೋಡಿದರೆ ಗೊತ್ತಾಗುತ್ತದೆ.

ಸರಿ, ಚೀನೀಯರು ಏನಂತಾರೆ ನೋಡೋಣ ಅಂತ ಆ ಕಡೆ ತಿರುಗಿದೆ. ನಾನು ಕೆಲವು ವರ್ಷ ಚೀನೀ ಭಾಷೆ ಕಲಿತಿದ್ದೇನೆ. ನೋಡಿದರೆ ಅವರಲ್ಲೂ ಈ ಪದಕ್ಕೆ ಜಗಳ ನಡೆದಿದೆ, ನಮಗಿಂತ ಜಾಸ್ತಿಯೇ. ಒಂದಲ್ಲ, ಮೂರು ಪದ ಇವೆ. ‘ಶಿಮಿನ್ ಶೆಹುಯ್’, ‘ಮಿನ್‌ಜ್ಯೆನ್ ಶೆಹುಯ್’, ‘ಗೊಂಗ್‌ಮಿನ್ ಶೆಹುಯ್’. ಮೂರರಲ್ಲೂ ಇರುವ ‘ಶೆಹುಯ್’ ಅಂದರೆ ಸಮಾಜ. ಅದಕ್ಕೆ ಮೊದಲು ಬರುವ ಪದ ಬದಲಾದ ಹಾಗೆ ಸರ್ಕಾರದ ಜೊತೆಗಿನ ಸಂಬಂಧವೂ ಬದಲಾಗುತ್ತದೆ.

ಮೊದಲು ಈ ‘ಶೆಹುಯ್’ ಬಗ್ಗೆ ಹೇಳಲೇಬೇಕು, ಇದು ನನಗೆ ತುಂಬಾ ಹಿಡಿಸಿದ ಪದ. ‘ಶೆ’ ಅಂದರೆ ಹಳೆಯ ಕಾಲದಲ್ಲಿ ಮಣ್ಣಿನ ದೇವರು, ಆ ದೇವರ ಕಟ್ಟೆ. ‘ಹುಯ್’ ಅಂದರೆ ಸೇರುವುದು. ವಸಂತದಲ್ಲಿ ಒಮ್ಮೆ, ಸುಗ್ಗಿಯ ಹೊತ್ತಿಗೆ ಒಮ್ಮೆ ಊರಿನವರು ಆ ಕಟ್ಟೆಯ ಹತ್ತಿರ ಸೇರಿ ಪೂಜೆ, ಊಟ, ಆಟ ಮಾಡುತ್ತಿದ್ದರು. ಅದೇ ಶೆಹುಯ್. ಅಂದರೆ ನಮ್ಮ ಊರಹಬ್ಬ! ಹತ್ತೊಂಬತ್ತನೇ ಶತಮಾನದಲ್ಲಿ ಜಪಾನಿನ ಅನುವಾದಕರು ಯುರೋಪಿನ ‘ಸೊಸೈಟಿ’ಗೆ ಪದ ಹುಡುಕುವಾಗ ಈ ಎರಡು ಅಕ್ಷರಗಳನ್ನೇ ಎತ್ತಿಕೊಂಡರು. ಚೀನಾದ ಯನ್ ಫು ಎಂಬ ದೊಡ್ಡ ಅನುವಾದಕ ‘ಛ್ಯುನ್’ ಅಂತ ಬೇರೆ ಪದ ಬಳಸಿದ್ದ. ಛ್ಯುನ್ ಅಂದರೆ ಹಿಂಡು, ಗುಂಪು. ಅದು ನಿಲ್ಲಲಿಲ್ಲ. ಜಪಾನಿಗೆ ಹೋದ ಊರಹಬ್ಬವೇ ಹೊಸ ಅರ್ಥ ಹೊತ್ತು ಚೀನಾಕ್ಕೆ ವಾಪಸ್ ಬಂತು.

ಊರಹಬ್ಬಕ್ಕೆ ಚಂದಾ ಎತ್ತುವವರು, ಚಪ್ಪರ ಹಾಕುವವರು, ಪಾತ್ರೆ ಹೊರುವವರು ಇರುತ್ತಾರಲ್ಲ, ಅವರಿಗೆ ಯಾವ ಇಲಾಖೆಯೂ ಆದೇಶ ಕೊಟ್ಟಿರುವುದಿಲ್ಲ. ಆದರೂ ಕೆಲಸ ನಡೆಯುತ್ತದೆ. ನಾನು ಕನ್ನಡದಲ್ಲಿ ಹಿಡಿಯಬೇಕು ಅಂದುಕೊಂಡಿರುವುದು ಸರಿಯಾಗಿ ಇದನ್ನೇ.

ಈಗ ಮೂರು ಪದಗಳಿಗೆ ಬರುತ್ತೇನೆ.

‘ಶಿಮಿನ್’ ಅಂದರೆ ಪೇಟೆಯ ಜನ. ‘ಶಿ’ ಅಂದರೆ ಸಂತೆ, ಪೇಟೆ, ಊರು. ನಮ್ಮ ‘ನಗರ’ದಿಂದ ‘ನಾಗರಿಕ’ ಬಂದ ಹಾಗೆಯೇ. ಹೆಗೆಲ್, ಮಾರ್ಕ್ಸ್ ಬರಹಗಳನ್ನು ಚೀನೀ ಭಾಷೆಗೆ ತಂದವರು ಈ ಪದ ಬಳಸಿದರು. 1990ರ ದಶಕದ ಆರಂಭದಲ್ಲಿ ಅಲ್ಲಿನ ವಿದ್ವಾಂಸರು ಚರ್ಚೆ ಶುರುಮಾಡಿದ್ದೂ ಇದೇ ಪದ ಹಿಡಿದುಕೊಂಡು. ಆದರೆ ಅದರಲ್ಲಿ ಅಂಗಡಿ, ವ್ಯಾಪಾರ, ಆಸ್ತಿವಂತರ ವಾಸನೆ ಜಾಸ್ತಿ. ಹಳ್ಳಿಯವರು ಎಲ್ಲಿ ಹೋದರು ಅನ್ನೋ ಪ್ರಶ್ನೆ ಏಳುತ್ತದೆ.

‘ಮಿನ್‌ಜ್ಯೆನ್’ ಇನ್ನೂ ಚೆನ್ನಾಗಿದೆ. ‘ಮಿನ್’ ಜನ, ‘ಜ್ಯೆನ್’ ನಡುವೆ. ಜನರ ನಡುವಿನದು. ಚೀನೀಯರು ಜನಪದ ಕತೆಗೂ ಮಿನ್‌ಜ್ಯೆನ್ ಅಂತಾರೆ, ಜನಪದ ಕಲೆಗೂ ಅದೇ ಪದ. ಇದರ ಎದುರು ನಿಲ್ಲುವ ಪದ ‘ಗ್ವಾನ್’, ಅಂದರೆ ಅಧಿಕಾರಿ, ಸರ್ಕಾರದ ಕಡೆಯದು. ಗ್ವಾನ್ ಒಂದು ಕಡೆ, ಮಿನ್ ಇನ್ನೊಂದು ಕಡೆ. ತೈವಾನಿನಲ್ಲಿ 1980ರ ದಶಕದಲ್ಲಿ ಒಂದೇ ಪಕ್ಷದ ಆಳ್ವಿಕೆಯ ವಿರುದ್ಧ ದನಿ ಎತ್ತಿದವರು ‘ಮಿನ್‌ಜ್ಯೆನ್ ಶೆಹುಯ್’ ಅನ್ನುತ್ತಿದ್ದರು.

ನಮ್ಮಲ್ಲಿ ಒಂದು ವಿಚಿತ್ರ ನೋಡಿ. ಸರ್ಕಾರಿ ಅಲ್ಲದ್ದೆಲ್ಲ ಕನ್ನಡದಲ್ಲಿ ‘ಖಾಸಗಿ’ ಆಗಿಬಿಡುತ್ತದೆ. ಸರ್ಕಾರಿ ಶಾಲೆ, ಖಾಸಗಿ ಶಾಲೆ. ಸರ್ಕಾರಿ ಬಸ್ಸು, ಖಾಸಗಿ ಬಸ್ಸು. ‘ಸಾರ್ವಜನಿಕ’ ಅಂದರೆ ಎಲ್ಲ ಜನರದ್ದು ಅಂತ ಅರ್ಥ ಇದ್ದರೂ, ‘ಸಾರ್ವಜನಿಕ ವಲಯದ ಬ್ಯಾಂಕು’ ಅಂದ ತಕ್ಷಣ ಅದು ಸರ್ಕಾರದ್ದು. ಸರ್ಕಾರದ್ದೂ ಅಲ್ಲ, ಯಾರೋ ಒಬ್ಬರ ಸ್ವಂತದ್ದೂ ಅಲ್ಲ, ನಡುವೆ ಹತ್ತು ಜನ ಸೇರಿ ಮಾಡುವುದು ಅಂತ ಒಂದು ಇದೆಯಲ್ಲ, ಅದಕ್ಕೆ ಬೇಕಾದ ಪದ ಮಿನ್‌ಜ್ಯೆನ್.

ಮೂರನೆಯದು ‘ಗೊಂಗ್‌ಮಿನ್’. ‘ಗೊಂಗ್’ ಅಂದರೆ ಎಲ್ಲರಿಗೂ ಸೇರಿದ್ದು, ‘ಮಿನ್’ ಜನ. ಇದು ಸಂವಿಧಾನದ ಪದ. ಚೀನಾದ 1982ರ ಸಂವಿಧಾನ ಹೇಳುವ ಪ್ರಕಾರ ಚೀನಾದ ರಾಷ್ಟ್ರೀಯತೆ ಇರುವವರೆಲ್ಲ ಗೊಂಗ್‌ಮಿನ್. ಅದರ 35ನೇ ವಿಧಿಯಲ್ಲಿ ಗೊಂಗ್‌ಮಿನ್‌ಗಳಿಗೆ ಮಾತಿನ, ಸಭೆ ಸೇರುವ, ಸಂಘ ಕಟ್ಟುವ ಸ್ವಾತಂತ್ರ್ಯ ಇದೆ ಅಂತಲೂ ಬರೆದಿದೆ. ‘ರೆನ್‌ಮಿನ್’ ಅಂದರೂ ಜನವೇ. ಆದರೆ ಅದು ಆಳುವ ಕಮ್ಯುನಿಸ್ಟ್ ಪಕ್ಷದ ರಾಜಕೀಯ ಪದ. ಯಾರು ರೆನ್‌ಮಿನ್, ಯಾರು ರೆನ್‌ಮಿನ್‌ನ ಶತ್ರು ಅಂತ ಒಂದು ಕಾಲದಲ್ಲಿ ಪಕ್ಷವೇ ಗೆರೆ ಎಳೆಯುತ್ತಿತ್ತು. ಗೊಂಗ್‌ಮಿನ್‌ನಲ್ಲಿ ಆ ಗೆರೆ ಇಲ್ಲ. ಅದಕ್ಕೇ ಹಕ್ಕು ಕೇಳುವವರಿಗೆ ಈ ಪದ ಬೇಕಾಯಿತು.

ಇಲ್ಲೊಂದು ಸೋಜಿಗ ಇದೆ. 1958ರಲ್ಲಿ ಮಾವೋ ಕಾಲದ ಕಮ್ಯೂನುಗಳಿಗೆ, ಅಂದರೆ ಹಳ್ಳಿಗಳ ಹೊಲ, ದುಡಿಮೆ ಎಲ್ಲ ಒಟ್ಟು ಮಾಡಿದ ಕೂಟಗಳಿಗೆ, ಇಟ್ಟ ಹೆಸರು ‘ರೆನ್‌ಮಿನ್ ಗೊಂಗ್‌ಶೆ’. ಗೊಂಗ್, ಮಿನ್, ಶೆ, ಮೂರೂ ಅಕ್ಷರ ಅಲ್ಲೂ ಇವೆ! ಆ ಕಮ್ಯೂನುಗಳಲ್ಲಿ ಅಡುಗೆಮನೆ ಕೂಡ ಮನೆಯದಾಗಿ ಉಳಿಯಲಿಲ್ಲ, ಎಲ್ಲರೂ ಸಾಮೂಹಿಕ ಊಟದ ಮನೆಗೆ ಹೋಗಬೇಕಿತ್ತು. ಅದೇ ಅಕ್ಷರಗಳನ್ನು ಬೇರೆ ರೀತಿ ಪೋಣಿಸಿದರೆ ‘ಗೊಂಗ್‌ಮಿನ್ ಶೆಹುಯ್’. ಧಾತು, ಮೂಲ ನೋಡಿ ಪದದ ಅರ್ಥ ಹೇಳುತ್ತೇವೆ ಅನ್ನುವವರಿಗೆ ನಾನು ಇನ್ನು ಮುಂದೆ ಇದೇ ಉದಾಹರಣೆ ಕೊಡುತ್ತೇನೆ. ಪದದ ಬೆಲೆ ತಿಳಿಯುವುದು ಅದನ್ನು ಯಾರು, ಯಾವಾಗ ಬಾಯಿಗೆ ತಂದುಕೊಂಡರು ಅನ್ನೋದರಿಂದ.

ಗೊಂಗ್‌ಮಿನ್ ಪದ ಬೀದಿಗೆ ಬಂದ ವರ್ಷ ಅಂತ ನಾನು 2003 ಅನ್ನು ಹಿಡಿಯುತ್ತೇನೆ. ಸುನ್ ಝಿಗಾಂಗ್ ಅಂತ 27 ವರ್ಷದ ಹುಡುಗ. ಹುಬೆಯ್ ಪ್ರಾಂತ್ಯದವನು. ಗುವಾಂಗ್‌ಝೌ ನಗರದ ಬಟ್ಟೆ ಕಂಪನಿಯಲ್ಲಿ ವಿನ್ಯಾಸಕಾರನಾಗಿ ಆಗ ತಾನೇ ಕೆಲಸಕ್ಕೆ ಸೇರಿದ್ದ. ಮಾರ್ಚ್ 17ರ ರಾತ್ರಿ ಇಂಟರ್‌ನೆಟ್ ಕೆಫೆಗೆ ಹೊರಟವನನ್ನು ಪೊಲೀಸರು ತಡೆದರು. ಬೇರೆ ಊರಿನಿಂದ ಬಂದವರ ಹತ್ತಿರ ಇರಬೇಕಾದ ತಾತ್ಕಾಲಿಕ ವಾಸದ ಚೀಟಿ ಅವನ ಬಳಿ ಇರಲಿಲ್ಲ. ‘ಶೌರೊಂಗ್’ ಕೇಂದ್ರಕ್ಕೆ ಕಳಿಸಿದರು. ಶೌರೊಂಗ್ ಅಂದರೆ ಒಳಗೆ ಕರೆದು ಆಸರೆ ಕೊಡುವುದು. ಎಷ್ಟು ತಂಪಾದ ಪದ! ನಗರಗಳಲ್ಲಿ ಅಲೆಯುವವರನ್ನು, ಭಿಕ್ಷೆ ಬೇಡುವವರನ್ನು ಹಿಡಿದು ಊರಿಗೆ ವಾಪಸ್ ಕಳಿಸಲು 1982ರಲ್ಲಿ ಮಾಡಿದ್ದ ನಿಯಮ ಅದು. ಮಾರ್ಚ್ 20ಕ್ಕೆ ಆ ಹುಡುಗ ಸತ್ತುಹೋದ. ಹೊಡೆದು ಸಾಯಿಸಿದ್ದರು. ಏಪ್ರಿಲ್‌ನಲ್ಲಿ ಗುವಾಂಗ್‌ಝೌನ ಒಂದು ಪತ್ರಿಕೆ ಅದನ್ನು ಬರೆಯಿತು.

ಮೇ ತಿಂಗಳಲ್ಲಿ ಮೂವರು ಕಾನೂನು ವಿದ್ವಾಂಸರು, ಶು ಝಿಯೊಂಗ್, ತೆಂಗ್ ಬ್ಯಾವ್, ಯು ಜ್ಯಾಂಗ್, ರಾಷ್ಟ್ರೀಯ ಜನಪ್ರತಿನಿಧಿ ಸಭೆಯ ಸ್ಥಾಯಿ ಸಮಿತಿಗೆ ಕಾಗದ ಬರೆದರು. ಈ ನಿಯಮ ಸಂವಿಧಾನಕ್ಕೆ ಹೊಂದುತ್ತದೆಯೇ ಪರಿಶೀಲಿಸಿ ಅಂತ. ಯಾವ ಸಂಘದ ಹೆಸರಲ್ಲೂ ಅಲ್ಲ, ಯಾವ ಹುದ್ದೆಯ ಹೆಸರಲ್ಲೂ ಅಲ್ಲ, ಗೊಂಗ್‌ಮಿನ್‌ಗಳಾಗಿ. ಜೂನ್‌ನಲ್ಲಿ ಸರ್ಕಾರ ಆ ನಿಯಮವನ್ನೇ ತೆಗೆದುಹಾಕಿತು. ಒಂದು ಪದಕ್ಕೆ ಅಷ್ಟು ಬಲ ಬಂದ ಗಳಿಗೆ ಅದು.

ಐದು ವರ್ಷಕ್ಕೆ, 2008ರ ಮೇ 12ರಂದು ಸಿಚುವಾನ್‌ನಲ್ಲಿ ಭೂಕಂಪ ಆಯಿತು. ದೇಶದ ಮೂಲೆ ಮೂಲೆಯಿಂದ ಜನ ಹೊರಟರು. ಸ್ವಂತ ಕಾರಿನಲ್ಲಿ ನೀರು, ಬಿಸ್ಕತ್ತು, ಟೆಂಟು ತುಂಬಿಕೊಂಡು ಬಂದರು. ಯಾರೂ ಕರೆದಿರಲಿಲ್ಲ. ಚೀನೀ ಪತ್ರಿಕೆಗಳೇ ಆ ವರ್ಷವನ್ನು ‘ಗೊಂಗ್‌ಮಿನ್ ಶೆಹುಯ್ ಯುವಾನ್‌ನ್ಯೆನ್’ ಅಂದವು. ‘ಯುವಾನ್‌ನ್ಯೆನ್’ ಅಂದರೆ ಹೊಸ ಶಕೆಯ ಮೊದಲ ವರ್ಷ. ಹೊಸ ಚಕ್ರವರ್ತಿ ಪಟ್ಟಕ್ಕೆ ಬಂದಾಗ ಎಣಿಕೆ ಶುರುವಾಗುತ್ತಿತ್ತಲ್ಲ, ಆ ಪದ. ಅದನ್ನು ಜನರಿಗೆ ಕೊಟ್ಟರು.

ಅದೇ ಭೂಕಂಪದಲ್ಲಿ ಶಾಲೆಗಳು ಕುಸಿದು ಮಕ್ಕಳು ಸತ್ತರು. ಪಕ್ಕದ ಕಟ್ಟಡಗಳು ನಿಂತಿದ್ದವು, ಶಾಲೆಗಳು ನೆಲಕ್ಕೆ ಬಿದ್ದಿದ್ದವು. ಎಷ್ಟು ಮಕ್ಕಳು, ಯಾರ ಮಕ್ಕಳು ಅಂತ ಹೆಸರಿನ ಪಟ್ಟಿ ಹೊರಗೆ ಬರಲಿಲ್ಲ. ಕಲಾವಿದ ಐ ವೆಯ್‌ವೆಯ್ ಸ್ವಯಂಸೇವಕರನ್ನು ಮನೆಮನೆಗೆ ಕಳಿಸಿ 5,212 ಹೆಸರು ಸೇರಿಸಿದ. ಆ ಕೆಲಸಕ್ಕೆ ಇಟ್ಟ ಹೆಸರು ‘ಗೊಂಗ್‌ಮಿನ್ ದ್ಯಾವ್‌ಛಾ’, ಗೊಂಗ್‌ಮಿನ್ ತನಿಖೆ. ಸರ್ಕಾರ 2009ರಲ್ಲಿ ಹೇಳಿದ ಸಂಖ್ಯೆ 5,335. ಅಂಕಿಯಲ್ಲಿ ದೊಡ್ಡ ವ್ಯತ್ಯಾಸ ಇಲ್ಲ. ವ್ಯತ್ಯಾಸ ಇರುವುದು ಹೆಸರಿನಲ್ಲಿ. ಮಕ್ಕಳ ಲೆಕ್ಕ ಹಿಡಿದಿದ್ದ ತನ್ ಝುವೊರೆನ್ ಎಂಬ ಬರಹಗಾರನಿಗೆ 2010ರಲ್ಲಿ ಐದು ವರ್ಷ ಸೆರೆ ಆಯಿತು, ಆರೋಪ ಮಾತ್ರ ಬೇರೆ ಬರಹಗಳ ಮೇಲೆ ಹಾಕಿದ್ದರು. ಗಂಜಿ ಹಂಚಿದ ಗೊಂಗ್‌ಮಿನ್‌ಗೆ ಶಹಬ್ಬಾಸ್, ಲೆಕ್ಕ ಕೇಳಿದ ಗೊಂಗ್‌ಮಿನ್‌ಗೆ ಜೈಲು. ಚೀನಾದಲ್ಲಿ ಸರ್ಕಾರ ಮತ್ತು ಜನರ ಸಂಘಗಳ ಸಂಬಂಧ ಏನು ಅಂತ ಯಾರಾದರೂ ಕೇಳಿದರೆ ನಾನು ಈ ಒಂದು ವರ್ಷದ ಕತೆ ಹೇಳುತ್ತೇನೆ. ಸೇವೆ ಮಾಡಿ, ಪ್ರಶ್ನೆ ಬೇಡ. ಇದೇ ಅಲ್ಲಿನ ಗೆರೆ.

2013ರಲ್ಲಿ ಗೆರೆ ಇನ್ನೂ ದಪ್ಪವಾಯಿತು. ಪಕ್ಷದ ಕೇಂದ್ರ ಕಚೇರಿಯಿಂದ ‘9ನೇ ದಾಖಲೆ’ ಅಂತ ಹೆಸರಾದ ಒಂದು ಸುತ್ತೋಲೆ ಹೊರಟಿತು. ಏಳು ಅಪಾಯಕಾರಿ ವಿಚಾರಗಳ ಪಟ್ಟಿ ಅದರಲ್ಲಿ. ಗೊಂಗ್‌ಮಿನ್ ಶೆಹುಯ್ ಆ ಏಳರಲ್ಲಿ ಒಂದು. ಅಲ್ಲಿಂದ ಮುಂದೆ ಪತ್ರಿಕೆಗಳಲ್ಲಿ, ತರಗತಿಗಳಲ್ಲಿ ಈ ಪದ ಮೆಲ್ಲಗೆ ಮಾಯವಾಗುತ್ತಾ ಬಂತು. ‘ಹೊಸ ಗೊಂಗ್‌ಮಿನ್ ಚಳವಳಿ’ ಅಂತ ಸ್ನೇಹಿತರನ್ನು ತಿಂಗಳಿಗೊಮ್ಮೆ ಊಟಕ್ಕೆ ಸೇರಿಸುತ್ತಿದ್ದ ಶು ಝಿಯೊಂಗ್‌ಗೆ 2014ರಲ್ಲಿ ನಾಲ್ಕು ವರ್ಷ, 2023ರಲ್ಲಿ 14 ವರ್ಷ ಶಿಕ್ಷೆ ಆಯಿತು. 2003ರಲ್ಲಿ ಕಾಗದ ಬರೆದ ಮೂವರಲ್ಲಿ ಒಬ್ಬ ಇದೇ ಶು.

ಪದ ತೆಗೆದ ಮೇಲೆ ಆ ಜಾಗಕ್ಕೆ ಬೇರೆ ಪದ ಬೇಕಲ್ವಾ? ಈಗ ಸರ್ಕಾರಿ ಪದ ‘ಶೆಹುಯ್ ಝುಝಿ’, ಸಾಮಾಜಿಕ ಸಂಸ್ಥೆ. ಅಂಥವು ನೋಂದಣಿಯಾದವೇ ಸುಮಾರು 9 ಲಕ್ಷ ಇವೆ. ವೃದ್ಧಾಶ್ರಮ, ವ್ಯಾಪಾರಿಗಳ ಸಂಘ, ಪ್ರತಿಷ್ಠಾನ ಎಲ್ಲ ಸೇರಿ. ಈ ಸಂಖ್ಯೆ ನೋಡಿದವರು ಚೀನಾದಲ್ಲಿ ಸಂಘಗಳೇ ಇಲ್ಲ ಅನ್ನಲಾರರು. ಆದರೆ ಒಂದು ಬದಲಾವಣೆ ಗಮನಿಸಿ. ಇವನ್ನು ನೋಡಿಕೊಳ್ಳುವ ಕೇಂದ್ರದ ಇಲಾಖೆಯ ಹೆಸರಿನಲ್ಲಿ ಮೊದಲು ‘ಮಿನ್‌ಜ್ಯೆನ್ ಝುಝಿ’ ಅಂತ ಇತ್ತು. 2016ರಲ್ಲಿ ಅದನ್ನು ‘ಶೆಹುಯ್ ಝುಝಿ’ ಅಂತ ಬದಲಿಸಿದರು. ಅದೇ ವರ್ಷ ಬಂದ ದಾನಧರ್ಮದ ಕಾಯ್ದೆಯಲ್ಲಿ ‘ಮಿನ್‌ಬಾನ್’, ಅಂದರೆ ಜನ ನಡೆಸುವ, ಅಂತ ಶುರುವಾಗುತ್ತಿದ್ದ ಇನ್ನೊಂದು ಹೆಸರೂ ‘ಶೆಹುಯ್’ ಅಂತ ಶುರುವಾಗುವಂತಾಯಿತು. ಎರಡೂ ಕಡೆ ‘ಮಿನ್’ ಹೋಯಿತು, ‘ಶೆಹುಯ್’ ಉಳಿಯಿತು. ಜನ ಹೋದರು, ಸಮಾಜ ಉಳಿಯಿತು. ಇದನ್ನು ಕನ್ನಡದಲ್ಲಿ ಒಂದೇ ‘ನಾಗರಿಕ ಸಮಾಜ’ ಅನ್ನೋ ಪದದಿಂದ ಹೇಗೆ ತೋರಿಸುವುದು? ಓದುಗರಿಗೆ ಏನೂ ಕಾಣುವುದೇ ಇಲ್ಲ.

‘ಸರ್ಕಾರೇತರ ಸಂಸ್ಥೆ’ ಬಳಸಬಹುದಲ್ಲ ಅಂತ ನೀವು ಕೇಳಬಹುದು. ಅದಕ್ಕೂ ಒಂದು ಕತೆ ಇದೆ. 1995ರಲ್ಲಿ ವಿಶ್ವಸಂಸ್ಥೆಯ ಮಹಿಳಾ ಸಮ್ಮೇಳನ ಬೀಜಿಂಗ್‌ನಲ್ಲಿ ನಡೆಯಿತು. ಜೊತೆಗೆ ಎನ್‌ಜಿಓಗಳ ಸಭೆ. ಅದನ್ನು ನಗರದಿಂದ ಸುಮಾರು 50 ಕಿಲೋಮೀಟರ್ ದೂರದ ಹ್ವಾಯ್‌ರೌಗೆ ಹಾಕಿದರು. ಸುಮಾರು 30 ಸಾವಿರ ಜನ ಬಂದಿದ್ದರು. ಆಗಲೇ ಚೀನಾದಲ್ಲಿ ‘ಫೆಯ್ ಝೆಂಗ್‌ಫು’ ಅನ್ನೋ ಪದ ಎಲ್ಲರ ಕಿವಿಗೆ ಬಿದ್ದದ್ದು. ‘ಝೆಂಗ್‌ಫು’ ಸರ್ಕಾರ. ‘ಫೆಯ್’ ಅಂದರೆ ಅಲ್ಲದ್ದು. ಆದರೆ ಅದೇ ಅಕ್ಷರಕ್ಕೆ ತಪ್ಪು ಅಂತಲೂ ಅರ್ಥ ಇದೆ. ಪಕ್ಕದಲ್ಲೇ ‘ಫಾನ್ ಝೆಂಗ್‌ಫು’, ಸರ್ಕಾರ ವಿರೋಧಿ, ‘ವು ಝೆಂಗ್‌ಫು’, ಅರಾಜಕ, ಅನ್ನೋ ಪದಗಳು ಕೂತಿವೆ. ಅಧಿಕಾರಿಗಳ ಕಿವಿಗೆ ಕಸಿವಿಸಿ. ನಮ್ಮ ‘ಸರ್ಕಾರೇತರ’ದಲ್ಲಿ ಈ ಮುಳ್ಳಿಲ್ಲ, ‘ಇತರ’ ತುಂಬಾ ಮೆತ್ತಗಿನ ಪದ. ಹಾಗಾಗಿ ಅದೂ ಪೂರ್ತಿ ಹೊಂದುವುದಿಲ್ಲ. ಇದಲ್ಲದೆ, 1949ರಲ್ಲಿ ಪಕ್ಷವೇ ಕಟ್ಟಿದ ಮಹಿಳಾ ಒಕ್ಕೂಟ ಆ ಸಮ್ಮೇಳನದಲ್ಲಿ ತಾನೂ ಎನ್‌ಜಿಓ ಅಂತ ಹೇಳಿಕೊಂಡಿತು. ಸರ್ಕಾರ ಕಟ್ಟಿದ ಸರ್ಕಾರೇತರ ಸಂಸ್ಥೆ! ನಮ್ಮ ಸ್ತ್ರೀಶಕ್ತಿ ಗುಂಪುಗಳೂ ಸರ್ಕಾರದ ಯೋಜನೆಯಲ್ಲಿ ಹುಟ್ಟಿದವೇ. ಅವನ್ನು ನಾವು ಯಾರೂ ಎನ್‌ಜಿಓ ಅನ್ನುವುದಿಲ್ಲ, ‘ಸಂಘ’ ಅಂತೀವಿ. ‘ಇವತ್ತು ಸಂಘದ ಮೀಟಿಂಗ್ ಇದೆ’ ಅಂದರೆ ಸಾಕು. ‘ಸಂಘ’ ಒಳ್ಳೆಯ ಪದ, ಮನೆಯ ಪದ. ಆದರೆ ಅದು ಒಂದೊಂದು ಗುಂಪಿಗೆ ಹೇಳುವುದು. ಎಲ್ಲವೂ ಸೇರಿ ಆಗುವ ಆ ದೊಡ್ಡ ಜಾಗಕ್ಕೆ ಸಾಲುವುದಿಲ್ಲ.

ಇನ್ನು ನನಗೆ ಅತಿ ಇಷ್ಟವಾದ ಪದ, ‘ಪೊಪೊ’. ಅಂದರೆ ಅತ್ತೆ, ಗಂಡನ ತಾಯಿ.

ಚೀನಾದಲ್ಲಿ ಸಂಘ ನೋಂದಾಯಿಸಬೇಕಾದರೆ ಎರಡು ಬಾಗಿಲು ದಾಟಬೇಕು. ನಾಗರಿಕ ವ್ಯವಹಾರಗಳ ಇಲಾಖೆಗೆ ಹೋಗುವ ಮುಂಚೆ, ಯಾವುದಾದರೂ ಸರ್ಕಾರಿ ಕಚೇರಿ ‘ಇವರ ಜವಾಬ್ದಾರಿ ನಮ್ಮದು’ ಅಂತ ಒಪ್ಪಬೇಕು. ಆ ಕಚೇರಿಗೆ ಕಾನೂನಿನಲ್ಲಿ ಉದ್ದದ ಹೆಸರಿದೆ. ಸಂಘದವರು ಮಾತ್ರ ಅದನ್ನು ‘ಪೊಪೊ’ ಅಂತಾರೆ. ‘ಪೊಪೊ ಸಿಕ್ಕಿತಾ?’ ‘ಇಲ್ಲ, ಇನ್ನೂ ಹುಡುಕುತ್ತಿದ್ದೇವೆ.’ ಈ ಮಾತಿಗೆ ಕನ್ನಡದಲ್ಲಿ ಟಿಪ್ಪಣಿಯೇ ಬೇಡ. ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ ಅಂತ ನಮ್ಮಲ್ಲಿ ಗಾದೆ. ಚೀನೀಯರಲ್ಲೂ ಎಷ್ಟೋ ವರ್ಷ ಬೆಂದು ಸೊಸೆ ಅತ್ತೆಯಾದಳು ಅನ್ನೋ ಗಾದೆ ಇದೆ. ಸಂಘಕ್ಕೆ ಮಾತ್ರ ಎಷ್ಟು ವರ್ಷ ಆದರೂ ಸೊಸೆಯ ಪಾಲೇ.

1998ರ ನಿಯಮದ ಪ್ರಕಾರ ಸಂಘಕ್ಕೆ ಕನಿಷ್ಠ 50 ಜನ ಸದಸ್ಯರು ಬೇಕು. ಒಂದೇ ಊರಿನಲ್ಲಿ ಅದೇ ಕೆಲಸ ಮಾಡುವ ಇನ್ನೊಂದು ಸಂಘ ಈಗಾಗಲೇ ಇದ್ದರೆ ನೋಂದಣಿ ಇಲ್ಲ. ಕರ್ನಾಟಕದಲ್ಲಿ 1960ರ ಸಂಘಗಳ ನೋಂದಣಿ ಕಾಯ್ದೆಯಲ್ಲಿ 7 ಜನ ಸೇರಿದರೆ ಸಂಘ ಆಗುತ್ತದೆ, ಒಂದೇ ಬೀದಿಯಲ್ಲಿ ಎರಡು ಕನ್ನಡ ಸಂಘ ಇದ್ದರೂ ಯಾರೂ ತಡೆಯುವುದಿಲ್ಲ.

‘ಪ್ರಕೃತಿಯ ಗೆಳೆಯರು’ ಅಂತ ಒಂದು ಸಂಸ್ಥೆ. ಚೀನೀ ಹೆಸರಿನ ಅರ್ಥವೇ ಅದು. ಕಟ್ಟಿದವರು ಇತಿಹಾಸಕಾರ ಲ್ಯಾಂಗ್ ಛೊಂಗ್‌ಜ್ಯೆ. ಚೀನೀಯರು ‘ಹೊಸ ಜನ’ ಆಗಬೇಕು ಅಂತ ನೂರು ವರ್ಷದ ಹಿಂದೆ ಬರೆದ ಲ್ಯಾಂಗ್ ಛಿಚಾವ್ ಅವರ ಮೊಮ್ಮಗ. 1993ರ ಜೂನ್ 5ರಂದು ಬೀಜಿಂಗ್‌ನ ಒಂದು ಉದ್ಯಾನದಲ್ಲಿ ಒಂದಷ್ಟು ಜನ ಸೇರಿ ಪರಿಸರದ ಬಗ್ಗೆ ಮಾತಾಡಿದರು. ಆಮೇಲೆ ಅತ್ತೆ ಹುಡುಕಾಟ. ಪರಿಸರ ಇಲಾಖೆ ಆಗುವುದಿಲ್ಲ ಅಂದಿತು. ಕೊನೆಗೆ ಸಿಕ್ಕ ಅತ್ತೆ ಚೀನೀ ಸಂಸ್ಕೃತಿಯ ಒಂದು ಅಕಾಡೆಮಿ. ಕಾಡು, ನದಿ, ಹೊಗೆಯ ಬಗ್ಗೆ ಕೆಲಸ ಮಾಡುವ ಸಂಸ್ಥೆ 1994ರಲ್ಲಿ ಕಾಗದದ ಮೇಲೆ ‘ಹಸಿರು ಸಂಸ್ಕೃತಿ’ಯ ಶಾಖೆಯಾಗಿ ಹುಟ್ಟಿತು. ಆದರೂ ಅದು ಬದುಕಿತು, ಬೆಳೆಯಿತು. 2015ರಲ್ಲಿ ಹೊಸ ಪರಿಸರ ಕಾಯ್ದೆ ಬಂದ ಮೇಲೆ ಪರಿಸರ ಹಾಳು ಮಾಡಿದವರ ಮೇಲೆ ಸಾರ್ವಜನಿಕ ಹಿತದ ಮೊಕದ್ದಮೆ ಹೂಡಿತು. ಇಂಥ ಜಾಗಗಳಲ್ಲಿ ಸರ್ಕಾರಕ್ಕೂ ಸಂಘ ಬೇಕು. ಊರಿನ ಅಧಿಕಾರಿಗಳು ಕಾರ್ಖಾನೆಯವರ ಜೊತೆ ಸೇರಿಕೊಂಡರೆ ಬೀಜಿಂಗ್‌ಗೆ ಸುದ್ದಿ ಮುಟ್ಟಿಸುವವರು ಯಾರು?

ಅತ್ತೆ ಸಿಗದವರು ಏನು ಮಾಡುತ್ತಿದ್ದರು ಗೊತ್ತಾ? ಕಂಪನಿ ಅಂತ ನೋಂದಾಯಿಸಿಕೊಳ್ಳುತ್ತಿದ್ದರು. ಶು ಝಿಯೊಂಗ್ ಮತ್ತು ಗೆಳೆಯರು ಕಟ್ಟಿದ ‘ಗೊಂಗ್‌ಮೆಂಗ್’ ಎಂಬ ಕಾನೂನು ನೆರವಿನ ಸಂಸ್ಥೆ ಹಾಗೇ ಮಾಡಿತ್ತು. 2009ರಲ್ಲಿ ತೆರಿಗೆ ಕಟ್ಟಿಲ್ಲ ಅಂತ 14 ಲಕ್ಷ 20 ಸಾವಿರ ಯುವಾನ್ ಲೆಕ್ಕ ತೋರಿಸಿ ಬಾಗಿಲು ಮುಚ್ಚಿಸಿದರು. 2013ರ ನಂತರ ದಾನ, ಬೀದಿ-ಬಡಾವಣೆಯ ಸೇವೆ ಮಾಡುವಂಥ ಕೆಲವು ಬಗೆಯ ಸಂಘಗಳಿಗೆ ಅತ್ತೆ ಬೇಡ ಅಂತ ಸಡಿಲಿಸಿದರು. ಹಕ್ಕುಗಳ ಪರ ದನಿ ಎತ್ತುವುದು, ಕಾರ್ಮಿಕರು, ಧರ್ಮ ಅಂದರೆ ಆ ಸಡಿಲ ಇಲ್ಲ. ಇನ್ನು ಹೊರದೇಶದ ಸಂಸ್ಥೆಗಳಿಗೆ 2017ರ ಜನವರಿ 1ರಿಂದ ಬೇರೆ ಕಾಯ್ದೆ. ಅವು ಹೋಗಬೇಕಾದದ್ದು ಪೊಲೀಸ್ ಖಾತೆಗೆ. ಅಲ್ಲೂ ಅತ್ತೆ ಬೇಕೇ ಬೇಕು.

ಪೊಲೀಸ್ ಅಂದ ಮೇಲೆ ಒಂದು ಸಣ್ಣ ಪದ. ‘ಹೆ ಛಾ’, ಚಹಾ ಕುಡಿಯುವುದು. ಪೊಲೀಸರು ಕರೆದು ಮೆತ್ತಗೆ ಎಚ್ಚರಿಕೆ ಕೊಟ್ಟರೆ ‘ನನ್ನನ್ನು ಚಹಾಕ್ಕೆ ಕರೆದಿದ್ದರು’ ಅಂತಾರೆ. ಧಾರವಾಡದ ‘ಚಹಾ’ ಬಂದದ್ದು ಇದೇ ‘ಛಾ’ದಿಂದ, ಬೆಂಗಳೂರಿನ ‘ಟೀ’ ಬಂದದ್ದು ಚೀನಾದ ಕರಾವಳಿಯ ‘ತೆ’ಯಿಂದ. ಎರಡೂ ನಮ್ಮ ಮನೆಗೆ ಬಂದವು, ಈ ಅರ್ಥ ಮಾತ್ರ ಬರಲಿಲ್ಲ.

ಈಗ ನನ್ನ ಯೋಚನೆ ಹೇಳುತ್ತೇನೆ, ತಿದ್ದಿ.

‘ಗೊಂಗ್‌ಮಿನ್ ಶೆಹುಯ್’ಗೆ ‘ಪೌರ ಸಮಾಜ’ ಅಂತ ಇಡಬೇಕು ಅನ್ನಿಸುತ್ತಿದೆ. ‘ಪೌರ’ ಅಂದರೆ ಪುರದವನು, ಮೂಲದಲ್ಲಿ ಇದೂ ಪೇಟೆಯ ಪದವೇ. ಪೌರಕಾರ್ಮಿಕ, ಪೌರಾಯುಕ್ತ ನೆನಪಾಗುತ್ತಾರೆ, ನಿಜ. ಆದರೆ ‘ಪೌರತ್ವ’ ಅನ್ನೋ ಪದ 2019ರ ನಂತರ ಮನೆಮನೆಗೂ ಗೊತ್ತು. ಕಾನೂನು, ಹಕ್ಕು, ಸಂವಿಧಾನ ಅದರೊಳಗೆ ಇವೆ. ‘ಪ್ರಜೆ’ ಯಾಕೆ ಬೇಡ ಅಂದರೆ, ಅದರಲ್ಲಿ ಇನ್ನೂ ರಾಜನ ಪ್ರಜೆ ಉಳಿದಿದ್ದಾನೆ.

‘ಮಿನ್‌ಜ್ಯೆನ್’ಗೆ ಏನೂ ಸಿಕ್ಕಿಲ್ಲ. ಅರ್ಥದಲ್ಲಿ ‘ಜನಪದ’ ಸರಿಯಾಗಿ ಕೂರುತ್ತದೆ. ಆದರೆ ‘ಜನಪದ ಸಂಸ್ಥೆ’ ಅಂದರೆ ಡೊಳ್ಳು ಕುಣಿತದ ತಂಡ ಅಂದುಕೊಳ್ಳುತ್ತಾರೆ. ‘ಹತ್ತು ಸಮಸ್ತರು’ ಅನ್ನೋ ಹಳೆಯ ಮಾತು ತಲೆಯಲ್ಲಿ ಸುಳಿದಾಡುತ್ತಿದೆ. ‘ಊರಿನ ಹತ್ತು ಸಮಸ್ತರು ಸೇರಿ ತೀರ್ಮಾನಿಸಿದರು’ ಅಂತಾರಲ್ಲ. ಅದು ಸರ್ಕಾರವೂ ಅಲ್ಲ, ಖಾಸಗಿಯೂ ಅಲ್ಲ. ಅದರಿಂದ ಒಂದು ಗುಣವಾಚಕ ಮಾಡಲು ಆಗುತ್ತಾ? ‘ಸಮಸ್ತರ ಸಂಸ್ಥೆ’ ಅಂದರೆ ಕಿವಿಗೆ ಹೇಗಿದೆ? ಈ ಮಾತು ನಿಮ್ಮ ಕಡೆ ಈಗಲೂ ಬಳಕೆಯಲ್ಲಿದ್ದರೆ ಒಂದು ವಾಕ್ಯ ಬರೆದು ಕಳಿಸಿ. ಅದರಲ್ಲಿ ಹೆಂಗಸರು, ಎಲ್ಲ ಕೇರಿಯವರು ಸೇರುತ್ತಾರೋ, ಇಲ್ಲ ಊರ ಹಿರಿಯರು ಮಾತ್ರವೋ ಅನ್ನೋದೂ ನನಗೆ ಬೇಕು. ಅವರು ಹೊರಗೆ ಉಳಿಯುವ ಪದವಾದರೆ ನಾನು ಅದನ್ನು ಬಳಸಲಾರೆ.

‘ಶೆಹುಯ್ ಝುಝಿ’ ಸುಮ್ನೆ ‘ಸಾಮಾಜಿಕ ಸಂಸ್ಥೆ’ ಇರಲಿ, ಕಚೇರಿಯ ಪದ ಕಚೇರಿಯ ಹಾಗೇ ಕೇಳಿಸಲಿ. ‘ಪೊಪೊ’ಗೆ ‘ಅತ್ತೆ’, ಅದರಲ್ಲಿ ಚರ್ಚೆಯೇ ಇಲ್ಲ.

ಕೊನೆಯದಾಗಿ ‘ಸ್ಟೇಟ್’. ಕರಡಿನಲ್ಲಿ ‘ರಾಜ್ಯ ಮತ್ತು ನಾಗರಿಕ ಸಮಾಜ’ ಅಂತ ಬರೆದಿದ್ದೆ. ಮೇಷ್ಟ್ರು ಅಲ್ಲೂ ಪ್ರಶ್ನೆ ಗುರುತು ಹಾಕಿದ್ದಾರೆ: ‘ಯಾವ ರಾಜ್ಯ? ಚೀನಾದಲ್ಲಿ ಪ್ರಾಂತ್ಯ ಅಲ್ವಾ?’ ‘ಪ್ರಭುತ್ವ’ ಅಂದರೆ ಪಾಠದ ಪುಸ್ತಕದ ಹಾಗಿದೆ. ‘ಸರ್ಕಾರ’ ಅಂದರೆ ಪಕ್ಷ ಬಿಟ್ಟುಹೋಗುತ್ತದೆ. ಚೀನೀ ಪದ ‘ಗುವೊಜ್ಯಾ’, ನಾಡು ಮತ್ತು ಮನೆ ಎರಡು ಅಕ್ಷರ ಸೇರಿ ಆದದ್ದು. ಅದರ ಬೆಚ್ಚನೆಯ ಭಾವವೂ ಬೇಕು, ಪಕ್ಷದ ಭಾರವೂ ಬೇಕು. ‘ಆಳುವ ಪಕ್ಷ’ ಅಂತ ಬಿಡಿಸಿ ಬರೆಯಲೇ?

ಚೀನಾದಲ್ಲಿ ಯೋಗ ಕಲಿಸುತ್ತಾ, ವ್ಯಾಪಾರ ಮಾಡುತ್ತಾ ಇರುವ ಕನ್ನಡಿಗರು ಬಳಗದಲ್ಲಿ ಯಾರಾದರೂ ಇದ್ದರೆ, ಅಲ್ಲಿನವರು ತಮ್ಮ ಬಡಾವಣೆಯ ಸ್ವಯಂಸೇವಕರನ್ನು ಮಾತಿನಲ್ಲಿ ಏನಂತ ಕರೆಯುತ್ತಾರೆ ಅಂತ ತಿಳಿಸಿ.

ಪರೀಕ್ಷೆಗೆ ಎರಡು ವಾಕ್ಯ ಕೊಡುತ್ತೇನೆ. ನಿಮ್ಮ ಕನ್ನಡದಲ್ಲಿ ಬರೆದು ಕಳಿಸಿ. ಒಂದು: ‘2008ರಲ್ಲಿ ಸಿಚುವಾನ್‌ಗೆ ಹೊರಟವರು ಮಿನ್‌ಜ್ಯೆನ್ ಜನ, ಗ್ವಾನ್ ಅಲ್ಲ.’ ಎರಡು: ‘ಗೊಂಗ್‌ಮಿನ್ ಶೆಹುಯ್ ಬೇಡ, ಶೆಹುಯ್ ಝುಝಿ ಸಾಕು ಅಂತ ಗುವೊಜ್ಯಾ ತೀರ್ಮಾನಿಸಿತು.’

ಬಂದ ಉತ್ತರಗಳನ್ನು ಅಚ್ಚು ಹಾಕಿಸಿ ಭಾನುವಾರ ಮೇಷ್ಟ್ರ ಮನೆಗೆ ಒಯ್ಯುತ್ತೇನೆ. ಅವರು ಕೆಂಪು ಪೆನ್ಸಿಲ್ ಚೂಪು ಮಾಡಿಟ್ಟುಕೊಂಡಿದ್ದಾರೆ.

ವಂದನೆಗಳೊಂದಿಗೆ.